ಜಪಾನಿನ ಟೆನಿಸ್ ಆಟಗಾರ್ತಿ ಕಿಮಿಕೊ ದಾತೆ ಎರಡು ಸಲ ನಿವೃತ್ತಿಯಾದದ್ದು ಹೇಗೆ?

ಮೊದಲ ಸಲ ಬಿಟ್ಟಾಗ ಅವರಿಗೆ ಬರೀ 26. ಕ್ಯೋಟೊದಲ್ಲಿ 1970ರಲ್ಲಿ ಹುಟ್ಟಿದ ದಾತೆ 1995ರಲ್ಲಿ ವಿಶ್ವದ 4ನೇ ಸ್ಥಾನಕ್ಕೇರಿದ್ದರು. 1994ರ ಆಸ್ಟ್ರೇಲಿಯನ್ ಓಪನ್, 1995ರ ಫ್ರೆಂಚ್ ಓಪನ್, 1996ರ ವಿಂಬಲ್ಡನ್: ಮೂರರಲ್ಲೂ ಸೆಮಿಫೈನಲ್. ಆ ವಿಂಬಲ್ಡನ್ ಸೆಮಿಫೈನಲ್‌ನಲ್ಲಿ ಜರ್ಮನಿಯ ಸ್ಟೆಫಿ ಗ್ರಾಫ್ ವಿರುದ್ಧ ಎರಡನೇ ಸೆಟ್ ಗೆದ್ದು ಸಮ ಮಾಡಿಕೊಂಡ ಹೊತ್ತಿಗೆ ಕತ್ತಲಾಗಿ ಆಟ ನಿಂತಿತು. ಮರುದಿನ ಮೂರನೇ ಸೆಟ್ 6-3ರಿಂದ ಗ್ರಾಫ್ ಪಾಲಾಯಿತು. ಅದೇ ವರ್ಷ ಏಪ್ರಿಲ್‌ನಲ್ಲಿ ಟೋಕಿಯೊದಲ್ಲಿ ನಡೆದ ಫೆಡ್ ಕಪ್‌ನಲ್ಲಿ (ಮಹಿಳೆಯರ ದೇಶ-ದೇಶಗಳ ನಡುವಿನ ಟೂರ್ನಿ) ಗ್ರಾಫ್‌ರನ್ನು 7-6, 3-6, 12-10ರಿಂದ ಸೋಲಿಸಿದ್ದು ಇವರೇ. ಅದೇ ವರ್ಷದ ಕೊನೆಗೆ ರ‍್ಯಾಕೆಟ್ ಕೆಳಗಿಟ್ಟರು.

2008ರಲ್ಲಿ, 37ರ ವಯಸ್ಸಿನಲ್ಲಿ ಮರಳಿದರು. ಇದು ಸಾಧ್ಯವಾದದ್ದಕ್ಕೆ ಅವರ ಆಟದ ರೀತಿಯೂ ಕಾರಣ ಅನ್ನಬೇಕು. ಚೆಂಡು ಪುಟಿದು ಮೇಲೇಳುವಾಗಲೇ, ರ‍್ಯಾಕೆಟನ್ನು ಹೆಚ್ಚು ಹಿಂದಕ್ಕೆ ಎಳೆಯದೆ, ಸ್ಪಿನ್ ಇಲ್ಲದೆ ಚಪ್ಪಟೆಯಾಗಿ ಹೊಡೆಯುತ್ತಿದ್ದರು. ಎದುರಾಳಿಯ ವೇಗವನ್ನೇ ಅವರತ್ತ ತಿರುಗಿಸುವ ಈ ಆಟಕ್ಕೆ ತೋಳಿನ ಬಲಕ್ಕಿಂತ ಕಣ್ಣು, ಟೈಮಿಂಗ್ ಮುಖ್ಯ. ಸರ್ವ್ ಮಾತ್ರ ಕೊನೆಯವರೆಗೂ ದುರ್ಬಲ. (ಹುಟ್ಟಾ ಎಡಚರು, ಆಡಿದ್ದು ಬಲಗೈಯಲ್ಲಿ!)

2009ರಲ್ಲಿ 39 ತುಂಬುವ ಹಿಂದಿನ ದಿನ ದಕ್ಷಿಣ ಕೊರಿಯಾದ ಸೋಲ್‌ ನಗರದಲ್ಲಿ ಪ್ರಶಸ್ತಿ, ಅದು ಸಿಂಗಲ್ಸ್‌ನಲ್ಲಿ ಎಂಟನೆಯದು. 2013ರ ಆಸ್ಟ್ರೇಲಿಯನ್ ಓಪನ್‌ನಲ್ಲಿ, 42ರ ವಯಸ್ಸಿನಲ್ಲಿ, ರಷ್ಯಾದ ನಾದಿಯಾ ಪೆಟ್ರೋವಾ ವಿರುದ್ಧ 6-2, 6-0 ಜಯ.

ಎರಡನೇ ನಿವೃತ್ತಿಗೆ ಗಾಯಗಳೇ ಕಾರಣ. 2016ರಲ್ಲಿ ಮಂಡಿಯ ಶಸ್ತ್ರಚಿಕಿತ್ಸೆಯಾಯಿತು. ಮರಳಿ ಬಂದರೂ ದೇಹ ಸ್ಪಂದಿಸಲಿಲ್ಲ. 2017ರ ಸೆಪ್ಟೆಂಬರ್‌ನಲ್ಲಿ ಟೋಕಿಯೊದಲ್ಲಿ ಕೊನೆಯ ಪಂದ್ಯ ಆಡಿದರು, 6-0, 6-0ರಿಂದ ಸೋತರು.