ಓದುಗರ ಪ್ರಶ್ನೆ: ದೇವರು ಯಾರ ಕಡೆ?

ಹೋದ ತಿಂಗಳು ಇದೇ ಜಾಗದಲ್ಲಿ ಅಮೆರಿಕದ ಕಪ್ಪು ಜನರ ಚರ್ಚುಗಳ ಬಗ್ಗೆ ಎರಡೇ ಸಾಲು ಬರೆದಿದ್ದೆ. ಅದಕ್ಕೆ ಬಂದ ಪತ್ರಗಳು ಜಾಸ್ತಿ. ನಾಲ್ಕನ್ನು ಆರಿಸಿದ್ದೇನೆ, ಮಿಕ್ಕ ವಿಷಯಗಳು ಮುಂದಿನ ತಿಂಗಳಿಗೆ.

ಪ್ರಶ್ನೆ: ಮೇಡಂ, ನಮ್ಮೂರು ಗದಗ ಕಡೆ, ಈಗ ಪುಣೆಯಲ್ಲಿ ದೈವಶಾಸ್ತ್ರ ಓದುತ್ತಿದ್ದೇನೆ. ಈ ಸೆಮಿಸ್ಟರ್‌ನಲ್ಲಿ ಬ್ಲ್ಯಾಕ್ ಥಿಯಾಲಜಿ, ಅಂದರೆ ಅಮೆರಿಕದ ಕಪ್ಪು ಜನರ ನೋವಿನಿಂದ ಹುಟ್ಟಿದ ಕಪ್ಪು ದೈವಶಾಸ್ತ್ರ, ಒಂದು ಪಾಠ ಇದೆ. ನಮ್ಮ ಕನ್ನಡ ಸಭೆಯ ಹಿರಿಯರು "ಅದು ರಾಜಕೀಯ, ದೇವರ ವಾಕ್ಯ ಅಲ್ಲ" ಅಂದರು. ಎಲ್ಲಿಂದ ಶುರು ಮಾಡಲಿ? (ಓದುಗ, ಖಡಕಿ)

ಉತ್ತರ: ಒಬ್ಬ ಅಜ್ಜಿಯಿಂದ ಶುರು ಮಾಡಿ. ಹೆಸರು ನ್ಯಾನ್ಸಿ ಆಂಬ್ರೋಸ್. ಫ್ಲೋರಿಡಾದಲ್ಲಿ ಗುಲಾಮಳಾಗಿದ್ದವಳು. ಅವಳಿಗೆ ಓದಲು ಬರುತ್ತಿರಲಿಲ್ಲ, ಮುಂದೆ ದೈವಶಾಸ್ತ್ರಜ್ಞನಾಗಿ ಹೆಸರಾದ ಮೊಮ್ಮಗ ಹೊವರ್ಡ್ ಥರ್ಮನ್ ಸತ್ಯವೇದ ಓದಿ ಹೇಳುತ್ತಿದ್ದ. ಕೀರ್ತನೆ ಓದಿಸುವಳು, ಯೆಶಾಯ ಓದಿಸುವಳು, ಸುವಾರ್ತೆಗಳನ್ನು ಮತ್ತೆ ಮತ್ತೆ ಓದಿಸುವಳು. ಅಪೊಸ್ತಲ ಪೌಲ ಸಭೆಗಳಿಗೆ ಬರೆದ ಪತ್ರಗಳು ಮಾತ್ರ ಬೇಡ ಅನ್ನುವಳು, ಪ್ರೀತಿಯ ಬಗ್ಗೆ ಇರುವ ಆ ಒಂದು ಅಧ್ಯಾಯ ಬಿಟ್ಟು. ದೊಡ್ಡವನಾದ ಮೇಲೆ ಮೊಮ್ಮಗ ಯಾಕಜ್ಜಿ ಅಂತ ಕೇಳಿದ. ಧಣಿಯ ಪಾದ್ರಿ ಗುಲಾಮರ ಮುಂದೆ ನಿಂತಾಗ ಪೌಲನನ್ನೇ ಹಿಡಿಯುತ್ತಿದ್ದ, ದಾಸರು ಯಜಮಾನರಿಗೆ ವಿಧೇಯರಾಗಿರಬೇಕು ಅನ್ನೋ ಮಾತನ್ನೇ ಹೇಳುತ್ತಿದ್ದ. ನನಗೆ ಓದು ಬಂದು ಬಿಡುಗಡೆಯೂ ಸಿಕ್ಕರೆ ಆ ಭಾಗವನ್ನು ಓದೋದಿಲ್ಲ ಅಂತ ಅವಳು ದೇವರ ಮುಂದೆ ಮಾತು ಕೊಟ್ಟಿದ್ದಳು. ಓದು ಬಾರದ ಆ ಅಜ್ಜಿಗೆ ಯಾವುದು ದೇವರ ಮಾತು, ಯಾವುದು ಧಣಿಯ ಮಾತು ಅಂತ ಗೊತ್ತಿತ್ತು. ಕಪ್ಪು ದೈವಶಾಸ್ತ್ರದ ಬೇರು ಅಲ್ಲಿದೆ ಅಂತ ನನಗೆ ಅನ್ನಿಸುತ್ತದೆ.

ಇನ್ನು "ರಾಜಕೀಯ" ಅನ್ನೋ ಮಾತು. 1807ರಲ್ಲಿ ಲಂಡನ್‌ನಲ್ಲಿ ವೆಸ್ಟ್ ಇಂಡೀಸ್‌ನ ಗುಲಾಮರಿಗಾಗಿಯೇ ಒಂದು ಸತ್ಯವೇದ ಅಚ್ಚಾಯಿತು. ಇಸ್ರಾಯೇಲರು ಐಗುಪ್ತದ (ಈಜಿಪ್ಟಿನ) ಗುಲಾಮಗಿರಿಯಿಂದ ಬಿಡಿಸಿಕೊಂಡು ಬಂದ ಕಥೆ ಅದರಲ್ಲಿ ಇಲ್ಲ. ದಾಸನೂ ಸ್ವತಂತ್ರನೂ ಕ್ರಿಸ್ತನಲ್ಲಿ ಒಂದೇ ಅನ್ನುವ ಗಲಾತ್ಯದ ವಚನ ಇಲ್ಲ. ವಿಧೇಯರಾಗಿರಿ ಅನ್ನುವ ವಚನ ಇದೆ! ಹಿರಿಯರಿಗೆ ಮರ್ಯಾದೆಯಿಂದಲೇ ಇದನ್ನು ಹೇಳಿ. ದೇವರ ವಾಕ್ಯಕ್ಕೆ ಕತ್ತರಿ ಹಾಕಿದ್ದು ಯಾರು ಅಂತ ಅವರೇ ಯೋಚಿಸಲಿ.

ಪಾಠದಲ್ಲಿ ನಿಮಗೆ ಮುಖ್ಯವಾಗಿ ಸಿಗುವ ಹೆಸರು ಜೇಮ್ಸ್ ಕೋನ್ (1938–2018). ಆರ್ಕನ್ಸಾ ರಾಜ್ಯದ ಬೇರ್ಡನ್ ಅನ್ನೋ ಸಣ್ಣ ಊರಲ್ಲಿ ಬೆಳೆದವರು. ಕಾರ್ಲ್ ಬಾರ್ಟ್ ಅನ್ನುವ ಯುರೋಪಿನ ದೊಡ್ಡ ಪಂಡಿತನ ಮೇಲೆ ಡಾಕ್ಟರೇಟ್ ಮಾಡಿದರು. ಆಮೇಲೆ 1967ರಲ್ಲಿ ಡೆಟ್ರಾಯಿಟ್ ನಗರ ಕಪ್ಪು ಜನರ ದಂಗೆಯಲ್ಲಿ ಹೊತ್ತಿ ಉರಿದು 43 ಜನ ಸತ್ತರು, 1968ರ ಏಪ್ರಿಲ್ 4ರಂದು ಮಾರ್ಟಿನ್ ಲೂಥರ್ ಕಿಂಗ್ ಕೊಲೆ ಆಯಿತು, ಇಷ್ಟು ವರ್ಷ ಓದಿದ್ದರಲ್ಲಿ ತನ್ನ ಜನರಿಗೆ ಹೇಳಲು ಒಂದು ಮಾತೂ ಸಿಗುತ್ತಿಲ್ಲವಲ್ಲ ಅಂತ ಆ ಮನುಷ್ಯನಿಗೆ ಎದೆ ಉರಿಯಿತು. ಮರುವರ್ಷ, 1969ರಲ್ಲಿ, ಮೊದಲ ಪುಸ್ತಕ ಬಂತು. ತುಳಿತಕ್ಕೆ ಒಳಗಾದವರ ಬಿಡುಗಡೆಯೇ ಸುವಾರ್ತೆಯ ತಿರುಳು ಅಂತ ಅದರಲ್ಲಿ ನೇರವಾಗಿ ಬರೆದರು. ಆದರೆ ನೀವು ಮೊದಲು ಅವರ 2011ರ ಪುಸ್ತಕ ಓದಿ, ಶಿಲುಬೆ ಮತ್ತು ಮರದ ಬಗ್ಗೆ ಬರೆದದ್ದು. ಅಮೆರಿಕದಲ್ಲಿ 1882ರಿಂದ 1968ರವರೆಗೆ ಗುಂಪುಗಳ ಕೈಗೆ ಸಿಕ್ಕಿ ಸತ್ತ ಕಪ್ಪು ಜನ ದಾಖಲೆಯಲ್ಲಿ ಇರುವಷ್ಟೇ 3,446. ಎಷ್ಟೋ ಜನರನ್ನು ಮರಕ್ಕೆ ನೇತುಹಾಕಿದರು. ಶಿಲುಬೆಯೂ ಊರೆಲ್ಲ ನೋಡಲಿ ಅಂತ ಜನರನ್ನು ಹೆದರಿಸಲು ನಿಲ್ಲಿಸಿದ ಮರವೇ ಅಲ್ವಾ? ಅಷ್ಟು ಹತ್ತಿರದ ಹೋಲಿಕೆ ಅಲ್ಲಿನ ದೊಡ್ಡ ದೊಡ್ಡ ಬಿಳಿಯ ಪಂಡಿತರ ಕಣ್ಣಿಗೆ ಯಾಕೆ ಬೀಳಲಿಲ್ಲ ಅಂತ ಕೋನ್ ಕೇಳುತ್ತಾರೆ. ಓದುವಾಗ ನಾನು ಎರಡು ಸಲ ಪುಸ್ತಕ ಮುಚ್ಚಿಟ್ಟು ಸುಮ್ನೆ ಕೂತಿದ್ದೆ.

ಪ್ರಶ್ನೆ: ಅಕ್ಕಾ, ನಮ್ಮ ಮನೆಯ ಫೋಟೋದಲ್ಲಿ ಯೇಸುಸ್ವಾಮಿ ಬೆಳ್ಳಗೆ ಇದ್ದಾರೆ. ಈ ಕಪ್ಪು ದೈವಶಾಸ್ತ್ರದವರು ಯೇಸು ಕಪ್ಪು ಅನ್ನುತ್ತಾರಂತೆ. ಯಾವುದು ನಿಜ? (ಓದುಗಿ, ವಾಸ್ಕೊ)

ಉತ್ತರ: ಯೇಸು ಗಲಿಲಾಯದ ಯೆಹೂದಿ. ಕ್ಯಾಲೆಂಡರ್‌ಗಳಲ್ಲಿ ತುಂಬಾ ಕಾಣುವ ಆ ಕಂದು ಕೂದಲಿನ ಬೆಳ್ಳನೆ ಮುಖ ವಾರ್ನರ್ ಸಾಲ್‌ಮನ್ ಅನ್ನುವ ಶಿಕಾಗೋದ ಕಲಾವಿದ 1940ರಲ್ಲಿ ಬರೆದದ್ದು. ಡೆಟ್ರಾಯಿಟ್‌ನ ಪಾಸ್ಟರ್ ಆಲ್ಬರ್ಟ್ ಕ್ಲೀಗ್, ಯೇಸು ನಿಜವಾಗಿಯೂ ಕಪ್ಪು ಮನುಷ್ಯ ಅಂತಲೇ ವಾದ ಮಾಡಿದರು. ಕೋನ್ ಹೇಳಿದ್ದು ಬೇರೆ. ಇಲ್ಲಿ ಚರ್ಮದ ಬಣ್ಣಕ್ಕಿಂತ ನಿಂತ ಜಾಗ ಮುಖ್ಯ. ಅಮೆರಿಕದಲ್ಲಿ ಹೊಡೆತ ತಿನ್ನುವವರು ಕಪ್ಪು ಜನ ಆದ್ದರಿಂದ ಅಲ್ಲಿ ಕ್ರಿಸ್ತ ಕಪ್ಪು.

ನೀವು ಗೋವೆಯಲ್ಲಿ ಇರೋದರಿಂದ ಇನ್ನೊಂದು ಮಾತು. ಪೋರ್ಚುಗೀಸರು ಆಫ್ರಿಕಾದ ಜನರನ್ನು ಗುಲಾಮರಾಗಿ ಗೋವೆಗೆ ತಂದರು. ಅಲ್ಲಿಂದ ತಪ್ಪಿಸಿಕೊಂಡು ಘಟ್ಟದ ಕಾಡು ಸೇರಿದವರ ಪೀಳಿಗೆ ನಮ್ಮ ಉತ್ತರ ಕನ್ನಡದ ಸಿದ್ದಿಗಳಲ್ಲಿ ಇದೆ. ಹಳಿಯಾಳದ ಕಡೆ ಹೋದರೆ ಕ್ರೈಸ್ತ ಸಿದ್ದಿಗಳ ಮನೆಗಳಿವೆ, ಹಿಂದೂ ಸಿದ್ದಿಗಳು ಮುಸ್ಲಿಂ ಸಿದ್ದಿಗಳೂ ಇದ್ದಾರೆ. ಅಮೆರಿಕದ ಮಾತು ಬಂದಾಗ ನಮಗೆ ಇವರ ನೆನಪೇ ಆಗೋದಿಲ್ಲ, ನನಗೂ ಆಗಿರಲಿಲ್ಲ. ಹಿಡಿದು ಮಾರಿದವರೂ ಮಾರಿಸಿಕೊಂಡವರೂ ಒಂದೇ ಶಿಲುಬೆಯ ಮುಂದೆ ಮೊಣಕಾಲೂರಿದ ನೆಲ ನಿಮ್ಮದು. ಆ ಫೋಟೋ ನೋಡುವಾಗ ಇದೂ ನೆನಪಿರಲಿ.

ಪ್ರಶ್ನೆ: ನಾನು ಕ್ರೈಸ್ತನಲ್ಲ. ನಮ್ಮಪ್ಪ ಕಲಬುರಗಿಯಿಂದ ಧಾರಾವಿಗೆ ಬಂದವರು, ಪ್ಯಾಂಥರ್ ಸಭೆಗಳಿಗೆ ಹೋಗುತ್ತಿದ್ದರು. ಇದರಲ್ಲಿ ನನಗೇನಿದೆ? (ಓದುಗ, ಮುಂಬೈ)

ಉತ್ತರ: ತುಂಬಾ ಇದೆ. ಜೋತಿರಾವ್ ಫುಲೆ 1873ರಲ್ಲಿ ಗುಲಾಮಗಿರಿಯ ಬಗ್ಗೆ ಬರೆದ ಪುಸ್ತಕವನ್ನು, ಕಪ್ಪು ಗುಲಾಮರ ಬಿಡುಗಡೆಗೆ ದುಡಿದ ಅಮೆರಿಕದ ಒಳ್ಳೆಯ ಜನರಿಗೆ ಅರ್ಪಿಸಿದರು. ಬಾಬಾಸಾಹೇಬರು 1946ರಲ್ಲಿ ಅಲ್ಲಿನ ಕಪ್ಪು ಚಿಂತಕ ಡು ಬೋಯ್ಸ್ ಅವರಿಗೆ ಪತ್ರ ಬರೆದರು. ನಿಮ್ಮ ತಂದೆಯವರ ದಲಿತ ಪ್ಯಾಂಥರ್ 1972ರಲ್ಲಿ ಮುಂಬೈಯಲ್ಲೇ ಹುಟ್ಟಿದ್ದು, ಹೆಸರು ಅಮೆರಿಕದ ಓಕ್‌ಲೆಂಡ್‌ನ ಕಪ್ಪು ಜನರ ಬ್ಲ್ಯಾಕ್ ಪ್ಯಾಂಥರ್ ಪಕ್ಷದಿಂದ ಬಂದದ್ದು. 1981ರಲ್ಲಿ ಬೆಂಗಳೂರಿನ ಯುನೈಟೆಡ್ ಥಿಯಾಲಾಜಿಕಲ್ ಕಾಲೇಜಿನಲ್ಲಿ ಅರವಿಂದ ನಿರ್ಮಲ್ ಮಾಡಿದ ಒಂದು ಭಾಷಣದಿಂದ ದಲಿತ ದೈವಶಾಸ್ತ್ರ ಶುರುವಾಯಿತು. ನಮ್ಮ ಕ್ರೈಸ್ತರಲ್ಲಿ ದಲಿತರೇ ಜಾಸ್ತಿ, ಆದರೂ ಪಂಡಿತರು ಮೇಲ್ಜಾತಿಯ ತತ್ವಗಳ ಜೊತೆಗೇ ಮಾತಾಡುತ್ತಾ ಬಂದರು ಅನ್ನೋದು ಅವರ ತಕರಾರು. ಸರಿಯಾದ ತಕರಾರೇ. ನಾನು ಚಿಕ್ಕವಳಿದ್ದಾಗ ಒಂದು ಸಭೆಯಲ್ಲಿ ಯಾರು ಎಲ್ಲಿ ಕೂರಬೇಕು ಅಂತ ಯಾರೂ ಬಾಯಿಬಿಟ್ಟು ಹೇಳುತ್ತಿರಲಿಲ್ಲ, ಎಲ್ಲರಿಗೂ ಗೊತ್ತಿತ್ತು. ನಮ್ಮವ್ವ ಯಾವಾಗಲೂ ಕೊನೆಯ ಬೆಂಚು.

ಪ್ರಶ್ನೆ: ದೇವರು ನೊಂದವರ ಕಡೆ ಇದ್ದರೆ ನೋವು ಯಾಕೆ ನಿಲ್ಲೋದಿಲ್ಲ? ಈ ಕಪ್ಪು ದೈವಶಾಸ್ತ್ರದವರ ಹತ್ತಿರ ಉತ್ತರ ಇದೆಯಾ? (ಓದುಗಿ, ಡೊಂಬಿವಲಿ)

ಉತ್ತರ: ಇದನ್ನು ಅವರೊಳಗಿನವರೇ ಕೇಳಿದ್ದಾರೆ. ವಿಲಿಯಂ ಜೋನ್ಸ್ ಅನ್ನುವ ಕಪ್ಪು ಚಿಂತಕರು 1973ರಲ್ಲಿ, ದೇವರೇ ಬಿಳಿಯರ ಪಕ್ಷಪಾತಿಯೋ ಅಂತ ಪುಸ್ತಕದ ಹೆಸರಲ್ಲೇ ಕೇಳಿಬಿಟ್ಟರು. ಬಿಡುಗಡೆ ಎಲ್ಲಿ, ತೋರಿಸಿ ಅಂದರು. ಕ್ರಿಸ್ತನ ಶಿಲುಬೆ ಮತ್ತು ಪುನರುತ್ಥಾನವೇ ಅದಕ್ಕೆ ಸಾಕ್ಷಿ ಅಂತ ಕೋನ್ ಕೊಟ್ಟ ಉತ್ತರ ನನಗೆ ಪೂರ್ತಿ ಸಾಲದು.

ನನಗೆ ಹತ್ತಿರ ಆದದ್ದು ಡೆಲೋರಸ್ ವಿಲಿಯಮ್ಸ್. ಕೋನ್ ಮೊದಲಾದ ಗಂಡಸರ ಬರಹದಲ್ಲಿ ಕಪ್ಪು ಹೆಂಗಸರು ಕಾಣಿಸೋದಿಲ್ಲ ಅಂತ ಜಗಳ ಹೂಡಿದವರಲ್ಲಿ ಇವರೂ ಒಬ್ಬರು. 1993ರ ಪುಸ್ತಕದಲ್ಲಿ ಹಾಗರಳ ಕಥೆ ಹಿಡಿದರು. ಹಾಗರಳು ಐಗುಪ್ತದ ದಾಸಿ. ಧಣಿಯ ಮಗುವನ್ನು ಹೊತ್ತು ಓಡಿಹೋದಳು. ದೂತ ಬಂದು ತಿರುಗಿ ಯಜಮಾನಿಯ ಹತ್ತಿರ ಹೋಗು ಅಂದ. ಇಲ್ಲಿ ಬಿಡುಗಡೆ ಎಲ್ಲಿದೆ? ಇಲ್ಲ ಅಂತ ವಿಲಿಯಮ್ಸ್ ಒಪ್ಪುತ್ತಾರೆ. ಇದು ಬದುಕಿ ಉಳಿಯುವ ಕಥೆ. ಮುಂದೆ ಮಗನ ಜೊತೆ ಅವಳನ್ನು ಅಡವಿಗೆ ಅಟ್ಟಿದರು, ತಿತ್ತಿಯ ನೀರು ಮುಗಿಯಿತು, ಸಾಯೋದನ್ನು ನೋಡಲಾರೆ ಅಂತ ಮಗುವನ್ನು ಪೊದೆಯ ಕೆಳಗೆ ಬಿಟ್ಟು ದೂರ ಕೂತು ಅತ್ತಳು. ಆಗ ದೇವರು ಅವಳ ಕಣ್ಣು ತೆರೆದ, ಬಾವಿ ಕಾಣಿಸಿತು. ಅಷ್ಟೇ.

ಆದಿಕಾಂಡ 16 ಮತ್ತು 21, ಎರಡನ್ನೂ ಒಟ್ಟಿಗೆ ಓದಿ. ಸತ್ಯವೇದದಲ್ಲಿ ದೇವರಿಗೆ ಹೆಸರಿಟ್ಟ ಮೊದಲ ಮನುಷ್ಯಳು ಈ ದಾಸಿಯೇ. ಅವಳಿಟ್ಟ ಹೆಸರು "ನನ್ನನ್ನು ನೋಡುವ ದೇವರು."