ನಟನೆಯೇ ಬಾರದ ಮರಿಯಾ ಮಾಂಟೆಜ್ ಹಾಲಿವುಡ್‌ನಲ್ಲಿ ತಾರೆಯಾದದ್ದು ಹೇಗೆ?

ನಿಮ್ಮ ಪ್ರಶ್ನೆಯೊಳಗೇ ಅರ್ಧ ತೀರ್ಪು ಇದೆ. ಆಕೆಗೆ ನಟನೆ ಅಷ್ಟಕ್ಕಷ್ಟೇ ಎಂಬುದನ್ನು ನಾನೂ ಒಪ್ಪುತ್ತೇನೆ. ಕುಣಿತವೂ ಅಂಥದ್ದೇನಲ್ಲ. ಆದರೂ ಆಕೆ ತೆರೆಯ ಮೇಲೆ ಬಂದರೆ ಬೇರೆ ಕಡೆ ನೋಡಲು ಆಗುವುದಿಲ್ಲ.

ನಾನು ಆಕೆಯನ್ನು ಹುಡುಕಿಕೊಂಡು ಹೋದವನಲ್ಲ. ನಮ್ಮ ಮೈಸೂರು ಸೀಮೆಯ ಕಾರಾಪುರದ ಮಾವುತನ ಮಗ ಸಾಬು ದಸ್ತಗೀರ್ ಹಾಲಿವುಡ್‌ನಲ್ಲಿ ಏನೇನು ಮಾಡಿದ ಎಂದು ನೋಡಲು ಕುಳಿತಾಗ 1942ರ ‘ಅರೇಬಿಯನ್ ನೈಟ್ಸ್’ ಸಿಕ್ಕಿತು. ಅದರ ನಾಯಕಿ ಮಾಂಟೆಜ್. ಮುಂದೆ ‘ವೈಟ್ ಸ್ಯಾವೇಜ್’ ಮತ್ತು ‘ಕೋಬ್ರಾ ವುಮನ್’ ಚಿತ್ರಗಳಲ್ಲೂ ಇಬ್ಬರೂ ಜೊತೆಗಿದ್ದರು.

ಆಕೆ ಹುಟ್ಟಿದ್ದು 1912ರಲ್ಲಿ, ಡೊಮಿನಿಕನ್ ರಿಪಬ್ಲಿಕ್‌ನ ಬರಾಓನಾ ಎಂಬ ಕಡಲೂರಿನಲ್ಲಿ. ಬ್ಯಾಂಕ್ ಅಧಿಕಾರಿಯೊಬ್ಬನನ್ನು ಮದುವೆಯಾಗಿ, ಆ ಸಂಸಾರ ಒಗ್ಗದೆ ನ್ಯೂಯಾರ್ಕಿಗೆ ಹೋದಳು. ಅಲ್ಲಿ ರೂಪದರ್ಶಿಯಾಗಿ ದುಡಿದು, 1940ರಲ್ಲಿ ಯೂನಿವರ್ಸಲ್ ಎಂಬ ಚಿತ್ರ ಕಂಪನಿಯನ್ನು ಸೇರಿದಳು. ಮೊದಲೆರಡು ವರ್ಷದ ಪಾತ್ರಗಳಲ್ಲಿ ಹೇಳಿಕೊಳ್ಳುವಂಥದ್ದು ಏನೂ ಇಲ್ಲ.

ಅದೃಷ್ಟ ತೆರೆದದ್ದು ಬಣ್ಣದಿಂದ. ‘ಅರೇಬಿಯನ್ ನೈಟ್ಸ್’ ಯೂನಿವರ್ಸಲ್‌ನ ಮೊದಲ ಪೂರ್ಣ ಮೂರು ವರ್ಣಗಳ ಟೆಕ್ನಿಕಲರ್ (ಆ ಕಾಲದ ಬಣ್ಣದ ಚಿತ್ರೀಕರಣದ ತಂತ್ರ) ಕಥಾಚಿತ್ರ. ಹೊರಗೆ ಯುದ್ಧ ನಡೆಯುತ್ತಿದ್ದ ಕಾಲ. ಒಂದೆರಡು ಗಂಟೆ ಎಲ್ಲವನ್ನೂ ಮರೆಸುವ ಮರಳುಗಾಡು, ಅರಮನೆ, ದ್ವೀಪಗಳು ಜನರಿಗೆ ಬೇಕಿದ್ದವು. ಆಕೆಯ ಇಂಗ್ಲಿಷಿನಲ್ಲಿ ಎದ್ದು ಕೇಳುವ ಸ್ಪ್ಯಾನಿಷ್ ಉಚ್ಚಾರಣೆ ಬೇರೆ ಕಥೆಯಲ್ಲಿ ಎಡವುತ್ತಿತ್ತೇನೋ, ಇಂಥ ಕಥೆಯಲ್ಲಿ ಅದೇ ಒಡವೆಯಾಯಿತು. ರಾಣಿ ಯಾವ ದೇಶದವಳೆಂದು ಕೇಳುವವರು ಯಾರು? ನಟ ಜಾನ್ ಹಾಲ್ ಜೊತೆ ಆರು ಚಿತ್ರಗಳು ಬಂದವು, ‘ಟೆಕ್ನಿಕಲರ್ ರಾಣಿ’ ಎಂಬ ಬಿರುದೂ ಬಂತು.

1944ರ ‘ಕೋಬ್ರಾ ವುಮನ್’ ಇವುಗಳ ಪರಾಕಾಷ್ಠೆ. ನಿರ್ದೇಶಕ ರಾಬರ್ಟ್ ಸಿಯೋಡ್ಮಾಕ್. ಮಾಂಟೆಜ್‌ಗೆ ಅವಳಿ ಪಾತ್ರ: ಒಬ್ಬಳು ಸಾಧು ಸ್ವಭಾವದವಳು, ಇನ್ನೊಬ್ಬಳು ನಾಗದ್ವೀಪದ ಕ್ರೂರ ಪೂಜಾರಿಣಿ. ನಾಗರಹಾವಿನ ಮುಂದೆ ಕುಣಿಯುತ್ತಲೇ ಆ ಪೂಜಾರಿಣಿ ಗುಂಪಿನಲ್ಲಿದ್ದವರತ್ತ ಬೆರಳು ತೋರಿಸುತ್ತಾಳೆ. ತೋರಿಸಿದವರೆಲ್ಲ ಬಲಿಗೆ. ಹಾವು ನಕಲಿ ಎಂದು ಚಿಕ್ಕ ಮಗುವಿಗೂ ಗೊತ್ತಾಗುತ್ತದೆ, ಆದರೆ ಮಾಂಟೆಜ್ ಮಾತ್ರ ಅದನ್ನು ಒಂದು ಕ್ಷಣವೂ ನಕಲಿ ಎಂದುಕೊಂಡಿಲ್ಲ. ಕಥೆ ಎಷ್ಟು ಬಾಲಿಶವಾದರೂ ಆಕೆ ಕಣ್ಣು ಮಿಟುಕಿಸಿ ನಗುವುದಿಲ್ಲ, ತಾನು ರಾಣಿಯೇ ಎಂದು ನಂಬಿ ನಿಲ್ಲುತ್ತಾಳೆ. ನಟನೆ ಬಲ್ಲವರು ಆ ಪಾತ್ರವನ್ನು ಕೆಡಿಸುತ್ತಿದ್ದರು ಎಂದೇ ನನ್ನ ಅನಿಸಿಕೆ.

ಯುದ್ಧ ಮುಗಿದ ಮೇಲೆ ಅಂಥ ಚಿತ್ರಗಳ ಕಾಲವೂ ಮುಗಿಯಿತು. 1947ರ ‘ದಿ ಎಕ್ಸೈಲ್’ ಚಿತ್ರದಲ್ಲಿ ಹೆಸರು ಯಾವ ಸ್ಥಾನದಲ್ಲಿರಬೇಕು ಎಂದು ಕಂಪನಿಯೊಂದಿಗೆ ಜಗಳವೂ ಆಯಿತು. ಕೊನೆಗೆ ಎರಡನೆಯ ಪತಿ, ಫ್ರೆಂಚ್ ನಟ ಜಾನ್-ಪಿಯೆರ್ ಒಮೋನ್ ಜೊತೆ ಯೂರೋಪಿಗೆ ಹೋಗಿ ಅಲ್ಲಿ ಕೆಲವು ಚಿತ್ರ ಮಾಡಿದಳು. 1951ರ ಸೆಪ್ಟೆಂಬರ್‌ನಲ್ಲಿ ಪ್ಯಾರಿಸ್ ಬಳಿಯ ಮನೆಯಲ್ಲಿ, ಬಿಸಿನೀರಿನ ತೊಟ್ಟಿಯಲ್ಲಿ ಸ್ನಾನ ಮಾಡುವಾಗ ತೀರಿಕೊಂಡಳು. ಹೃದಯಾಘಾತ ಎಂದರು. ವಯಸ್ಸು 39. ನಮ್ಮ ಸಾಬು ಹೋದದ್ದು 1963ರಲ್ಲಿ, ಅದೂ ಹೃದಯಾಘಾತದಿಂದಲೇ, ಅದೇ 39ರಲ್ಲಿ.

ಬರಾಓನಾದ ವಿಮಾನ ನಿಲ್ದಾಣಕ್ಕೆ ಈಗ ಆಕೆಯದೇ ಹೆಸರು. ನೋಡುವುದಾದರೆ ‘ಕೋಬ್ರಾ ವುಮನ್’ನಿಂದಲೇ ಆರಂಭಿಸಿ, ಒಂದೂಕಾಲು ಗಂಟೆಯೂ ಹಿಡಿಯುವುದಿಲ್ಲ. ಸಾಬುವಿನ ಜೊತೆ ಒಂದು ಚಿಂಪಾಂಜಿಯೂ ಇದೆ.