‘ಗೋಪ್ಯ’ ಅಂತ ಮೊಹರು ಬಿದ್ದ ನೀರಿನ ವರದಿ

ಪ್ರಶ್ನೆ: ನಾನು ಬಯಲುಸೀಮೆಯ ಒಂದು ಸರ್ಕಾರಿ ಕಚೇರಿಯಲ್ಲಿ ಎಸ್‌ಡಿಎ. ಒಂದು ಹಳ್ಳಿಯ ಕೊಳವೆಬಾವಿ ನೀರಲ್ಲಿ ಫ್ಲೋರೈಡ್ ಮಿತಿ ಮೀರಿದೆ ಎಂಬ ವರದಿ ಬಂದಿದೆ. ಮೇಲೆ ‘ಗೋಪ್ಯ’ ಎಂಬ ಮೊಹರು. ಕಡತ ಕದಲುತ್ತಿಲ್ಲ, ಜನ ಅದೇ ನೀರು ಕುಡಿಯುತ್ತಿದ್ದಾರೆ. ಫೋಟೊ ತೆಗೆದು ಪತ್ರಿಕೆಗೆ ಕಳಿಸಲೇ? ಕೆಲಸ ಹೋದರೆ ಮಕ್ಕಳ ಗತಿಯೇನು ಅಂತಾಳೆ ಹೆಂಡತಿ.

ಉತ್ತರ: ನಿಮ್ಮ ಸಂಕಟ ನ್ಯಾಯವಾದದ್ದೇ. ಫ್ಲೋರೈಡ್ ಲೀಟರಿಗೆ 1.5 ಮಿಲಿಗ್ರಾಂ ದಾಟಬಾರದು. ದಾಟಿದರೆ ಮೊದಲು ಮಕ್ಕಳ ಹಲ್ಲಿನಲ್ಲಿ ಕಂದು ಕಲೆ. ಜಾಸ್ತಿ ಇದ್ದು ವರ್ಷಗಟ್ಟಲೆ ಕುಡಿದರೆ ಕೀಲುಗಳೇ ಹಿಡಿದುಕೊಳ್ಳುತ್ತವೆ. ಸೇನೆ ಎಲ್ಲಿ ಬೀಡುಬಿಟ್ಟಿದೆ ಎಂಬುದು ಗುಟ್ಟಾಗಿರಲಿ. ಕುಡಿಯುವ ನೀರು ಹೇಗಿದೆ ಎಂಬುದು ಯಾವ ಲೆಕ್ಕಕ್ಕೂ ಗುಟ್ಟಲ್ಲ.

ಆದರೂ ಫೋಟೊ ಈಗಲೇ ಬೇಡ. ನಿಮ್ಮ ಹೆಂಡತಿ ಸುಮ್ನೆ ಹೆದರುತ್ತಿಲ್ಲ. 1923ರ ಅಧಿಕೃತ ರಹಸ್ಯ ಕಾಯ್ದೆ ಇನ್ನೂ ಇದೆ. ಅಕ್ರಮ ಬಯಲು ಮಾಡುವವರ ರಕ್ಷಣೆಗೆ 2014ರಲ್ಲಿ ಆದ ಕಾಯ್ದೆ ಜಾರಿಗೇ ಬಂದಿಲ್ಲ.

ಜನರಿಗೆ ಬೇಕಿರುವುದು ಸತ್ಯ, ನಿಮ್ಮ ಕಡತವೇ ಆಗಬೇಕೆಂದಿಲ್ಲ ಅಲ್ವಾ? ಪಂಚಾಯಿತಿಗಳಿಗೆ ಕೊಟ್ಟಿರುವ ನೀರು ಪರೀಕ್ಷೆ ಕಿಟ್‌ನಲ್ಲೇ ಫ್ಲೋರೈಡ್ ನೋಡಬಹುದು. ಪಿಡಿಒ ಹತ್ತಿರ ಊರಿನವರೇ ಕೇಳಲಿ. ವರದಿಗಾಗಿ ಮಾಹಿತಿ ಹಕ್ಕಿನಲ್ಲೂ ಅರ್ಜಿ ಹಾಕಲಿ. 10 ರೂಪಾಯಿ ಶುಲ್ಕ, ಯಾಕೆ ಬೇಕು ಅಂತ ಹೇಳಬೇಕಿಲ್ಲ. ಜೀವಕ್ಕೆ ಸಂಬಂಧಿಸಿದ ಮಾಹಿತಿಯನ್ನು 48 ಗಂಟೆಯೊಳಗೆ ಕೊಡಬೇಕು. 2005ರ ಈ ಕಾಯ್ದೆಯ ಮುಂದೆ ಹಳೇ ರಹಸ್ಯ ಕಾಯ್ದೆ ನಡೆಯುವುದಿಲ್ಲ. ನೀವು ಕಡತದಲ್ಲೇ ‘ತುರ್ತು’ ಎಂದು ಟಿಪ್ಪಣಿ ಬರೆದು ಮೇಲಧಿಕಾರಿಗೆ ಮಂಡಿಸಿ. ಬರವಣಿಗೆಯಲ್ಲೇ ಇರಲಿ, ಬಾಯಿಮಾತು ಬೇಡ.

ಡೇನಿಯಲ್ ಎಲ್ಸ್‌ಬರ್ಗ್ ಮೇಲೆ ನನಗೆ ತುಂಬಾ ಗೌರವ. ವಿಯೆಟ್ನಾಂ ಯುದ್ಧದ ಬಗ್ಗೆ ಅಮೆರಿಕ ಸರ್ಕಾರದ ಸುಮಾರು 7,000 ಪುಟಗಳ ಗುಪ್ತ ವರದಿಯನ್ನು 1971ರಲ್ಲಿ ಪತ್ರಿಕೆಗೆ ಕೊಟ್ಟವರು ಅವರು. ಅದಕ್ಕೂ ಮೊದಲು ಸೆನೆಟರ್‌ಗಳ ಬಾಗಿಲು ತಟ್ಟಿದ್ದರು. ಸಂಧಾನದ ಮಾತುಕತೆ ಕೆಡಬಾರದೆಂದು ಅದರ ನಾಲ್ಕು ಸಂಪುಟಗಳನ್ನು ಪತ್ರಿಕೆಗೆ ಕೊಡಲಿಲ್ಲ. ಆಮೇಲೆ ತಾವೇ ಹೋಗಿ ಶರಣಾದರು. ಸರ್ಕಾರವೇ ಅಡ್ಡದಾರಿ ಹಿಡಿದದ್ದು ಬಯಲಾಗಿ 1973ರಲ್ಲಿ ಕೇಸು ಬಿದ್ದುಹೋಯಿತು. ಆ ಅದೃಷ್ಟ ಎಲ್ಲರಿಗೂ ಇರುವುದಿಲ್ಲ.

ಇಷ್ಟೆಲ್ಲ ಮಾಡಿಯೂ ಯಾರೂ ಕದಲದಿದ್ದರೆ ವರದಿ ಹೊರಗೆ ಕೊಡುವುದನ್ನು ನಾನು ತಪ್ಪು ಅನ್ನುವುದಿಲ್ಲ. ಮೊದಲು ವಕೀಲರನ್ನು ಕಾಣಿ, ಹೆಂಡತಿಯನ್ನೂ ಕರೆದುಕೊಂಡು ಹೋಗಿ. ಕೊಡುವುದಾದರೆ ಪರೀಕ್ಷೆಯ ಫಲಿತಾಂಶ ಇರುವ ಪುಟ ಮಾತ್ರ. ಟಿಪ್ಪಣಿ ಹಾಳೆಯಲ್ಲಿ ಸಹೋದ್ಯೋಗಿಗಳ ಸಹಿ ಇರುತ್ತದೆ, ಅದನ್ನು ಮುಟ್ಟಬೇಡಿ.